ಮೂರು ಪುಸ್ತಕ, ಒಂದೇ ಹೆಸರು

ಸಾಗರದ ನಿವೃತ್ತ ಮೇಷ್ಟರೊಬ್ಬರು ಬರೆದಿದ್ದಾರೆ: “ಹಿಂದಿನ ಸಂಚಿಕೆಯ ಪುಸ್ತಕ ಪುಟದಲ್ಲಿ ‘ವಾಲ್ಸಿಂಗ್‌ಹ್ಯಾಮ್ ಮನೆತನ’ ಎಂಬ ತಲೆಬರಹ ಕೊಟ್ಟು ಮೂರು ಇಂಗ್ಲಿಷ್ ಪುಸ್ತಕ ಸೂಚಿಸಿದ್ದಿರಿ. ಇಂಗ್ಲೆಂಡಿನಲ್ಲಿರುವ ಮಗಳಿಗೆ ಹೇಳಿ ಮೂರನ್ನೂ ತರಿಸಿಕೊಂಡೆ. ಒಂದು ರಾಣಿಯ ಬೇಹುಗಾರರ ಯಜಮಾನನದು, ಒಂದು ಯಾತ್ರಾಸ್ಥಳದ್ದು, ಇನ್ನೊಂದು ಮಠದ ಸನ್ಯಾಸಿ ಬರೆದ ವೃತ್ತಾಂತ. ಇದರಲ್ಲಿ ಮನೆತನ ಎಲ್ಲಿದೆ? ಯಾವುದನ್ನು ಮೊದಲು ಓದಲಿ? ಆ ಯಾತ್ರಾಸ್ಥಳ ಈಗಲೂ ಇದೆಯೇ?”

ಮಾನ್ಯರೇ,

ತಲೆಬರಹ ತಪ್ಪು. ಬರೆದವನು ನಾನೇ. ನೀವು ದುಡ್ಡು ಕೊಟ್ಟು ಪುಸ್ತಕ ತರಿಸಿ, ಓದಿ, ತಪ್ಪು ಹಿಡಿದು ಬರೆದಿರಿ. ಅದಕ್ಕೆ ಒಂದು ಸಾಲಿನ ತಿದ್ದುಪಡಿ ಸಾಲದು ಅನ್ನಿಸಿತು.

ವಾಲ್ಸಿಂಗ್‌ಹ್ಯಾಮ್ ಮೊದಲಿಗೆ ಊರಿನ ಹೆಸರು. ಇಂಗ್ಲೆಂಡಿನ ಪೂರ್ವಕ್ಕೆ, ನಾರ್ಫಕ್ ಸೀಮೆಯ ಹಳ್ಳಿ. ಗೊರೂರು ಎಂದರೆ ನಮಗೆ ಊರೂ ಹೌದು, ರಾಮಸ್ವಾಮಿ ಅಯ್ಯಂಗಾರ್ಯರೂ ಹೌದಲ್ಲವೇ, ಹಾಗೆ. ವೃತ್ತಾಂತ ಬರೆದ ಸನ್ಯಾಸಿ ಥಾಮಸ್ ವಾಲ್ಸಿಂಗ್‌ಹ್ಯಾಮ್ ತೀರಿಕೊಂಡಿದ್ದು 1422ರ ಸುಮಾರಿಗೆ. ಬೇಹುಗಾರರ ಯಜಮಾನ ಸರ್ ಫ್ರಾನ್ಸಿಸ್ 1590ರಲ್ಲಿ. ಸನ್ಯಾಸಿಯ ವಂಶ ಅವನಲ್ಲಿಗೇ ಮುಗಿಯಿತು. ಫ್ರಾನ್ಸಿಸ್‌ನ ಸಂಬಂಧಿಕರಲ್ಲಿ ಇನ್ನೊಬ್ಬ ಥಾಮಸ್ ವಾಲ್ಸಿಂಗ್‌ಹ್ಯಾಮ್ ಇದ್ದ, ನಾಟಕಕಾರ ಮಾರ್ಲೋಗೆ ಆಶ್ರಯ ಕೊಟ್ಟವನು. ನಾನು ಎಡವಿದ್ದು ಇವನ ಹೆಸರಿನಲ್ಲಿ.

ಓದುವುದನ್ನು ಸನ್ಯಾಸಿಯಿಂದಲೇ ಶುರುಮಾಡಿ. ಲಂಡನ್ನಿನ ಹತ್ತಿರದ ಸೇಂಟ್ ಆಲ್ಬನ್ಸ್ ಮಠದಲ್ಲಿ ಗ್ರಂಥ ನಕಲು ಮಾಡುವ ಶಾಲೆಯ ಹೊಣೆ ಅವನದು. 1376ರಿಂದ 1422ರವರೆಗಿನ ಕಾಲವನ್ನು ಲ್ಯಾಟಿನ್‌ನಲ್ಲಿ ಬರೆದಿಟ್ಟ. ಅವನ ದ್ವೇಷಕ್ಕೆ ಮುಚ್ಚುಮರೆಯಿಲ್ಲ. ರಾಜನ ಚಿಕ್ಕಪ್ಪ ಜಾನ್ ಆಫ್ ಗಾಂಟ್‌ನನ್ನು ಎಷ್ಟು ಬೈದನೆಂದರೆ, 1399ರಲ್ಲಿ ಗಾಂಟ್‌ನ ಮಗನೇ ಸಿಂಹಾಸನ ಏರಿದ ಮೇಲೆ ಆ ಮಾತುಗಳನ್ನು ತಿದ್ದಿ ಮೆದುಮಾಡಿದ ಪ್ರತಿಗಳು ಓಡಾಡಿದವು.

1381ರ ರೈತರ ದಂಗೆಯ ಪುಟಗಳನ್ನು ಮಾತ್ರ ನಿಧಾನವಾಗಿ ಓದಿ. ಊರಿನವರು ಮಠದ ಗಿರಣಿಯಲ್ಲೇ ಕಾಳು ಬೀಸಿಸಿ ಸುಂಕ ಕಟ್ಟಬೇಕಿತ್ತು. ಅದಕ್ಕೂ ಐವತ್ತು ವರ್ಷ ಹಿಂದೆ ಒಬ್ಬ ಮಠಾಧಿಪತಿ ಮನೆಮನೆಯ ಬೀಸುವ ಕಲ್ಲುಗಳನ್ನು ಕಿತ್ತು ತರಿಸಿ ಮಠದ ಪಡಸಾಲೆಗೆ ನೆಲಹಾಸು ಮಾಡಿಸಿದ್ದ. ದಂಗೆಯ ದಿನ ಜನ ಒಳನುಗ್ಗಿ ಆ ಕಲ್ಲುಗಳನ್ನು ಮೀಟಿ ಎಬ್ಬಿಸಿ, ಚೂರುಚೂರು ಮಾಡಿ, ಭಾನುವಾರ ಚರ್ಚಿನಲ್ಲಿ ಪವಿತ್ರ ರೊಟ್ಟಿ ಹಂಚುವಂತೆ ಒಬ್ಬೊಬ್ಬರಿಗೂ ಒಂದೊಂದು ಚೂರು ಹಂಚಿಕೊಂಡರು. ರೊಟ್ಟಿಯ ಹೋಲಿಕೆ ಥಾಮಸ್‌ನದೇ. ಈ ಜನ ನಾಶವಾಗಲಿ ಎಂದು ಬರೆಯುತ್ತಿದ್ದವನ ಕೈಯಿಂದ ಆ ಮಾತು ಬಂತು! ನಾನು ಈ ಪುಟವನ್ನು ಎಷ್ಟು ಸಲ ಓದಿದ್ದೇನೋ, ಇವತ್ತಿಗೂ ಇಲ್ಲಿಗೆ ಬಂದರೆ ಮುಂದೆ ಹೋಗಲು ಮನಸ್ಸಾಗುವುದಿಲ್ಲ. ದಂಗೆಯ ಪಾದ್ರಿ ಜಾನ್ ಬಾಲ್‌ನನ್ನು ಅದೇ ಊರಿನಲ್ಲಿ ಜುಲೈ 15ರಂದು ಗಲ್ಲಿಗೇರಿಸಿದರು. ಅವನ ಗುಪ್ತ ಪತ್ರವೊಂದು, ಗಲ್ಲಿಗೆ ಹೋಗಲಿದ್ದ ಇನ್ನೊಬ್ಬನ ಬಟ್ಟೆಯಲ್ಲಿ ಸಿಕ್ಕಿದ್ದು, ಥಾಮಸ್ ಅದನ್ನು ನಕಲು ಮಾಡಿಟ್ಟಿದ್ದರಿಂದ ಉಳಿಯಿತು.

ಸಿಕ್ಕಿಬಿದ್ದ ಪತ್ರ, ಗಲ್ಲು. ಈ ಜೋಡಿಯನ್ನು ನೆನಪಿನಲ್ಲಿಟ್ಟುಕೊಂಡು ಫ್ರಾನ್ಸಿಸ್‌ನ ಪುಸ್ತಕ ತೆರೆಯಿರಿ.

1572ರಲ್ಲಿ ಪ್ಯಾರಿಸಿನಲ್ಲಿ ಪ್ರಾಟೆಸ್ಟಂಟರ ಕಗ್ಗೊಲೆ ನಡೆದಾಗ ಫ್ರಾನ್ಸಿಸ್ ಅಲ್ಲಿ ರಾಯಭಾರಿಯಾಗಿದ್ದ. ಆ ಭಯ ಅವನನ್ನು ಕೊನೆತನಕ ಬಿಡಲಿಲ್ಲ. 1573ರ ಕೊನೆಗೆ ಎಲಿಜಬೆತ್ ರಾಣಿಯ ಕಾರ್ಯದರ್ಶಿಯಾದ. (ಮರುವರ್ಷವೇ ಆರ್ಚ್‌ಬಿಷಪ್ ಪಾರ್ಕರ್ ಸನ್ಯಾಸಿ ಥಾಮಸ್‌ನ ಚರಿತ್ರೆಯನ್ನು ಅಚ್ಚು ಹಾಕಿಸಿದ.) 1586ರಲ್ಲಿ ಸ್ಕಾಟ್ಲೆಂಡಿನ ಮೇರಿ ರಾಣಿ ಚಾರ್ಟ್ಲಿಯಲ್ಲಿ ಸೆರೆಯಲ್ಲಿದ್ದಳು. ಬಿಯರ್ ಪೀಪಾಯಿಯೊಳಗೆ ಅಡಗಿ ಓಡಾಡುತ್ತಿದ್ದ ಪತ್ರಗಳು ಗುಟ್ಟಿನವು ಎಂದೇ ಅವಳು ನಂಬಿದ್ದಳು. ಆ ದಾರಿ ಮಾಡಿಕೊಟ್ಟಿದ್ದೇ ಫ್ರಾನ್ಸಿಸ್‌ನ ಕಡೆಯವರು. ಎಲಿಜಬೆತ್‌ಳನ್ನು ಕೊಲ್ಲುವ ಸಂಚಿಗೆ ಒಪ್ಪಿದಂತಿದ್ದ ಪತ್ರ ಸಿಕ್ಕಾಗ, ಸಂಕೇತ ಬಿಡಿಸುವ ಥಾಮಸ್ ಫಿಲಿಪ್ಸ್ ಅದರ ನಕಲಿನ ಮೇಲೆ ಒಂದು ಗಲ್ಲುಗಂಬ ಗೀಚಿದ. ಸಂಚುಗಾರರ ಹೆಸರು ಕೇಳುವ ಒಂದು ಒಕ್ಕಣೆಯನ್ನು ಮೇರಿಯದೇ ಸಂಕೇತದಲ್ಲಿ ಹುಟ್ಟಿಸಿ ಸೇರಿಸಿದರು. ಪತ್ರ ಪಡೆದ ಸಂಚುಗಾರ ಬ್ಯಾಬಿಂಗ್ಟನ್ ಅದನ್ನು ಸುಟ್ಟುಹಾಕಿದ. ವಿಚಾರಣೆಯಲ್ಲಿ ನ್ಯಾಯಾಧೀಶರ ಮುಂದೆ ಬಂದಿದ್ದು ಹಿಡಿದವರೇ ಮಾಡಿಕೊಂಡ ನಕಲು. 1587ರ ಫೆಬ್ರವರಿ 8ರಂದು ಮೇರಿಯ ತಲೆ ಕಡಿದರು.

ಮೇರಿ ಸಂಚಿಗೆ ಒಪ್ಪಿದ್ದಳು ಎಂದೇ ನನ್ನ ತೀರ್ಮಾನ. ಆದರೆ ಫ್ರಾನ್ಸಿಸ್‌ನನ್ನು ಬರೀ ಜಾಣ ಬೇಟೆಗಾರನಾಗಿ ಮೆರೆಸುವ ಪುಸ್ತಕಗಳು ನನಗೆ ಒಗ್ಗುವುದಿಲ್ಲ. ಬೈಯುವ ಸನ್ಯಾಸಿಯ ಮನಸ್ಸು ಸಾಲುಸಾಲಿನಲ್ಲೂ ಕಾಣುತ್ತದೆ. ಫ್ರಾನ್ಸಿಸ್‌ನ ಕಡತದ ಭಾಷೆಯಲ್ಲಿ ಅದು ಕಾಣುವುದಿಲ್ಲ, ಹುಡುಕಿಕೊಂಡು ಓದಬೇಕು. ಮೊದಲು ಸನ್ಯಾಸಿಯನ್ನು ಓದಿ ಎಂದಿದ್ದು ಅದಕ್ಕೇ. ಇನ್ನೊಂದು ಸಂಗತಿ: ಫ್ರಾನ್ಸಿಸ್ ಸತ್ತ ಕೂಡಲೇ ಅವನ ಕಾಗದಪತ್ರಗಳನ್ನೆಲ್ಲ, ಖಾಸಗಿಯವನ್ನೂ ಬಿಡದೆ, ಹೊತ್ತೊಯ್ದರು ಎಂದು ಅವನ ಷಡ್ಡಕ ರಾಬರ್ಟ್ ಬೀಲ್ ಬರೆದಿಟ್ಟಿದ್ದಾನೆ. ಊರವರ ಪತ್ರಗಳನ್ನೆಲ್ಲ ಒಡೆದು ಓದಿದವನ ಮನೆಮಾತು ನಮಗೆ ಉಳಿದಿರುವುದು ಬಹಳ ಕಡಿಮೆ.

ಇನ್ನು ಯಾತ್ರಾಸ್ಥಳ, ಅದೇ ವಾಲ್ಸಿಂಗ್‌ಹ್ಯಾಮ್ ಹಳ್ಳಿ. ರಿಚೆಲ್ಡಿಸ್ ಎಂಬ ಹೆಣ್ಣುಮಗಳಿಗೆ ಮಾತೆ ಮೇರಿ ದರ್ಶನ ಕೊಟ್ಟು, ನಜರೇತಿನ ತನ್ನ ಮನೆಯಂಥದೇ ಮನೆ ಕಟ್ಟಿಸು ಎಂದಳಂತೆ, 1061ರಲ್ಲಿ. ಈ ಇಸವಿ ಸಿಗುವುದು ಅದಾಗಿ ನಾನೂರು ವರ್ಷಕ್ಕೂ ಮೇಲೆ ಅಚ್ಚಾದ ಒಂದು ಲಾವಣಿಯಲ್ಲಿ. ಇತಿಹಾಸಕಾರರು ಹನ್ನೆರಡನೆಯ ಶತಮಾನ ಎನ್ನುತ್ತಾರೆ. ಎಂಟನೇ ಹೆನ್ರಿ 1511ರಲ್ಲಿ ಮಗ ಹುಟ್ಟಿದಾಗ ಇಲ್ಲಿಗೆ ಬಂದ, ಬರಿಗಾಲಲ್ಲಿ ನಡೆದ ಎಂಬ ಮಾತೂ ಇದೆ. ಮಠಗಳನ್ನು ಮುಚ್ಚಿಸಿದವನೂ ಅವನೇ. 1537ರಲ್ಲಿ ಹಳ್ಳಿಯ ಕೆಲವರು ಇದರ ವಿರುದ್ಧ ಪಿಸುಗುಟ್ಟಿದ್ದನ್ನು ಒಬ್ಬ ಹೋಗಿ ಚಾಡಿ ಹೇಳಿದ. ಇಲ್ಲಿನ ಮಠದ ಎರಡನೆಯ ಅಧಿಕಾರಿ ನಿಕೊಲಾಸ್ ಮೈಲ್‌ಹ್ಯಾಮ್ ನೇಣಿಗೇರಿದ. ಮರುವರ್ಷ ಮಠ ಒಪ್ಪಿಸಿದ ಮುಖ್ಯಸ್ಥನಿಗೆ ವರ್ಷಕ್ಕೆ 100 ಪೌಂಡ್ ಪಿಂಚಣಿ. ಮಾತೆ ಮೇರಿಯ ಮೂರ್ತಿಯನ್ನು ಲಂಡನ್ನಿಗೆ ಒಯ್ದು ಸುಟ್ಟರು. ಫ್ರಾನ್ಸಿಸ್ ಆಗ ಇನ್ನೂ ಸಣ್ಣ ಹುಡುಗ.

ಹೌದು, ಸ್ಥಳ ಈಗಲೂ ಇದೆ. ಕ್ಯಾಥೊಲಿಕರದೂ ಆಂಗ್ಲಿಕನರದೂ ಎರಡು ಬೇರೆ ಬೇರೆ ಗುಡಿಗಳು. ತಮಿಳು ಮತ್ತು ಮಲಯಾಳಿ ಕ್ಯಾಥೊಲಿಕರು ವರ್ಷವರ್ಷವೂ ದೊಡ್ಡ ಗುಂಪಾಗಿ ಬರುತ್ತಾರೆ. ನಿಮ್ಮ ಮಗಳು ಹೋಗುವುದಾದರೆ ಮೊದಲು ಸ್ಲಿಪ್ಪರ್ ಚಾಪೆಲ್ ನೋಡಲಿ. ಹದಿನಾಲ್ಕನೇ ಶತಮಾನದ ಪುಟ್ಟ ಕಲ್ಲಿನ ಗುಡಿ. ಯಾತ್ರಿಕರು ಚಪ್ಪಲಿ ಬಿಡುತ್ತಿದ್ದ ಜಾಗ, ಮಠ ಹೋದ ಮೇಲೆ ದನದ ಕೊಟ್ಟಿಗೆಯಾಗಿತ್ತು. ಅಲ್ಲಿಂದ ಹಳ್ಳಿಗೆ ಒಂದು ಮೈಲಿ. ಮಠದ್ದಾಗಿ ಉಳಿದಿರುವುದು ಮುಖ್ಯವಾಗಿ ಪೂರ್ವದ ಗೋಡೆಯ ಎತ್ತರದ ಕಮಾನು, ಹುಲ್ಲುಹಾಸಿನ ನಡುವೆ. ಈಗಲೂ ಕೆಲವರು ಆ ಮೈಲಿಯನ್ನು ಬರಿಗಾಲಲ್ಲೇ ನಡೆಯುತ್ತಾರೆ.

— ಸಂಪಾದಕ