ನಾರಾದಲ್ಲಿ ಅರ್ಧ ದಿನ: ಮಂಡಿನೋವು, ಜಿಂಕೆ ಮತ್ತು ಬುದ್ಧನ ಕಣ್ಣು

ಹೋದ ಸಂಚಿಕೆಯಲ್ಲಿ ಜಪಾನಿನ ನಾರಾ ಊರಿನ ಹೆಸರನ್ನು ಸುಮ್ಮನೆ ಮಾತಿಗೆ ಎತ್ತಿದ್ದೆ. ಈ ಸಲ ಬಂದ ಪತ್ರಗಳಲ್ಲಿ ಅರ್ಧಕ್ಕರ್ಧ ಅದರದ್ದೇ. ಮಕ್ಕಳು ಒಸಾಕಾ, ಟೋಕಿಯೊಗಳಲ್ಲಿ ಕೆಲಸಕ್ಕಿದ್ದು ಅಪ್ಪ ಅಮ್ಮ ಹೊರಟು ನಿಂತ ಮನೆಗಳು ನಮ್ಮಲ್ಲಿ ಇಷ್ಟಿವೆ ಎಂದು ಗೊತ್ತಿರಲಿಲ್ಲ. ನಾನೂ ಅದೇ ಸಾಲಿನವಳು. ಶಿವಮೊಗ್ಗದಲ್ಲಿ ಮೂವತ್ತು ವರ್ಷ ಇತಿಹಾಸ ಪಾಠ ಮಾಡಿ, ನಿವೃತ್ತಿಯಾದ ಮೇಲೆ ಒಸಾಕಾದ ಮಗನ ಮನೆಯಲ್ಲಿ ಕೂತು ಕೂತು ಬೇಜಾರಾಗಿ ನಾರಾ ರೈಲು ಹತ್ತಿದವಳು. ಒಟ್ಟು ಐದು ಸಲ ಹೋಗಿದ್ದೇನೆ. ಹಾಗಾಗಿ ಈ ತಿಂಗಳು ಬೇರೆ ಊರುಗಳಿಗೆ ರಜೆ.

ಪ್ರಶ್ನೆ: ನನಗೆ 63, ನಮ್ಮ ಮನೆಯವರಿಗೆ 68. ನನಗೆ ಮಂಡಿನೋವು. ಮಗಳಿಗೆ ಒಂದೇ ಒಂದು ಬೆಳಿಗ್ಗೆ ಬಿಡುವು. ಅರ್ಧ ದಿನದಲ್ಲಿ ನಾರಾ ನೋಡಲಾದೀತೆ? ಗೈಡ್ ಬೇಕೆ?
— ಓದುಗರು, ದಾವಣಗೆರೆ

ಆದೀತು, ಎಲ್ಲ ನೋಡಲೇಬೇಕು ಎನ್ನುವ ಹಟ ಬಿಟ್ಟರೆ. ನಾನು ಮೊದಲ ಸಲ ಹೋದದ್ದು ಒಂದು ಪ್ಯಾಕೇಜ್ ಬಸ್ಸಿನಲ್ಲಿ. ಐವತ್ತು ನಿಮಿಷ ಕೊಟ್ಟರು. ಅದರಲ್ಲಿ ಹದಿನೈದು ಶೌಚಾಲಯದ ಸಾಲಿಗೆ ಹೋಯಿತು, ಹತ್ತು ಗುಂಪು ಫೋಟೊಗೆ. ಉಳಿದದ್ದರಲ್ಲಿ ಬುದ್ಧನನ್ನು ನೋಡಿದೆನೋ ಬುದ್ಧನೇ ನನ್ನನ್ನು ನೋಡಿದನೋ ತಿಳಿಯದು.

ಎರಡನೇ ಸಲ ಮಗ ಸ್ವಯಂಸೇವಕ ಗೈಡ್ ಒಬ್ಬರನ್ನು ಗೊತ್ತು ಮಾಡಿದ. ಜಪಾನಿನ ಹಳೆಯ ಊರುಗಳಲ್ಲಿ ಇಂಥ ಗುಂಪುಗಳಿವೆ. ನಿವೃತ್ತರು, ಕಾಲೇಜು ಮಕ್ಕಳು, ಇಂಗ್ಲಿಷ್ ಮಾತಾಡುವ ಆಸೆಯಿರುವ ಗೃಹಿಣಿಯರು ಸೇರಿ ನಡೆಸುವುದು. ಮುಂಚಿತವಾಗಿ ಬರೆದು ಕೇಳಬೇಕು. ಅವರ ಸಮಯಕ್ಕೆ ದುಡ್ಡಿಲ್ಲ, ಬಸ್ ಖರ್ಚು, ಟಿಕೆಟ್ಟಿನಂಥದ್ದನ್ನು ನಾವು ನೋಡಿಕೊಳ್ಳಬೇಕು. ನಮಗೆ ಸಿಕ್ಕವರು ಎಪ್ಪತ್ತು ದಾಟಿದ ಹಿರಿಯರು. ಬಟ್ಟೆಯ ಟೋಪಿ, ಹೆಗಲಿಗೆ ಚೀಲ, ಚೀಲದಲ್ಲಿ ಅವರೇ ಕೈಯಾರೆ ಬರೆದ ಚಿತ್ರಗಳ ಕಡತ. ಒಂಬತ್ತಕ್ಕೆ ಎಂದರೆ ಎಂಟೂ ಮುಕ್ಕಾಲಿಗೇ ಬಂದು ನಿಂತಿದ್ದರು.

ನಿಂತದ್ದು ಎಲ್ಲಿ ಅಂದರೆ, ಕಿನ್‌ತೆತ್ಸು ನಾರಾ ನಿಲ್ದಾಣದ ಎದುರಿನ ಕಾರಂಜಿಯ ಹತ್ತಿರ. ಕಾರಂಜಿಯ ನಡುವೆ ಒಬ್ಬ ಸನ್ಯಾಸಿಯ ಪ್ರತಿಮೆ ಇದೆ. ಊರವರೆಲ್ಲ ‘ಅಲ್ಲಿ ಸಿಗೋಣ’ ಎನ್ನುವುದು ಅದನ್ನೇ. ಆತನ ಹೆಸರು ಗ್ಯೋಕಿ, ನೆನಪಿಟ್ಟುಕೊಳ್ಳಿ, ಮುಂದಿನ ಉತ್ತರದಲ್ಲಿ ಬರುತ್ತಾನೆ.

ದಾರಿ ಹೀಗಿರಲಿ. ನಿಲ್ದಾಣದಿಂದ ಕೊಫುಕುಜಿ ದೇವಾಲಯ ಐದು ನಿಮಿಷ. ಅಲ್ಲಿಯ ಐದಂತಸ್ತಿನ ಗೋಪುರ 1426ರದ್ದು, ಐವತ್ತು ಮೀಟರ್ ಎತ್ತರ. ದೊಡ್ಡ ದುರಸ್ತಿಗಾಗಿ ಅದನ್ನು ಮುಚ್ಚಿ ಕಟ್ಟಿದ್ದಾರೆ, ಹಾಗಾಗಿ ಗೋಪುರದ ಫೋಟೊ ಸಿಗದಿದ್ದರೆ ನನ್ನನ್ನು ಬೈಯಬೇಡಿ. ಬದಲಿಗೆ ಪಕ್ಕದ ಸಂಗ್ರಹಾಲಯಕ್ಕೆ ಹೋಗಿ ಅಶುರನನ್ನು ನೋಡಿ. ಹೌದು, ನಮ್ಮ ಅಸುರನೇ. 734ರಲ್ಲಿ ಬಟ್ಟೆಯ ಮೇಲೆ ಅರಗಿನಂಥ ಮರದ ಹಾಲು ಬಳಿದು ಮಾಡಿದ ಪೊಳ್ಳು ಮೂರ್ತಿ. ಮೂರು ಮುಖ, ಆರು ಕೈ. ಅಸುರನೆಂದರೆ ಯಕ್ಷಗಾನದ ಬಣ್ಣದ ವೇಷವೇ ಕಣ್ಣ ಮುಂದೆ ಬರುವ ನನಗೆ ಇದು ಆಘಾತ: ಹೈಸ್ಕೂಲು ಹುಡುಗನ ಮುಖ, ಹುಬ್ಬು ಸ್ವಲ್ಪ ಗಂಟು, ಈಗಷ್ಟೇ ಏನೋ ತಪ್ಪು ಅರಿವಾದವನ ಹಾಗೆ. ಪೊಳ್ಳಾದ್ದರಿಂದ ಹಗುರ, ಬೆಂಕಿ ಬಿದ್ದಾಗಲೆಲ್ಲ ಎತ್ತಿಕೊಂಡು ಓಡಬಹುದಿತ್ತು.

ಅಲ್ಲಿಂದ ಜಿಂಕೆಗಳ ನಡುವೆ ನಡೆದು, ಮಹಾಬುದ್ಧನಿರುವ ದೇವಾಲಯವಾದ ತೊದಾಯ್‌ಜಿಗೆ. ಮೊದಲು ಸಿಗುವುದು ದಕ್ಷಿಣದ ಮಹಾದ್ವಾರ, ನಾಂದಾಯ್‌ಮೊನ್. ಎಲ್ಲರೂ ಅದರಡಿ ಹಾದುಹೋಗುತ್ತಾರೆ, ನಮ್ಮ ಗೈಡ್ ಮಾತ್ರ ಹದಿನೈದು ನಿಮಿಷ ನಿಲ್ಲಿಸಿದರು. ಎರಡೂ ಬದಿಗೆ ಎಂಟು ಮೀಟರಿಗೂ ಎತ್ತರದ ಮರದ ದ್ವಾರಪಾಲಕರು. 1203ರಲ್ಲಿ ಉಂಕೆಯ್, ಕಾಯ್‌ಕೆಯ್ ಮತ್ತು ಅವರ ಕಡೆಯ ಶಿಲ್ಪಿಗಳು ಸೇರಿ ಸುಮಾರು ಎಪ್ಪತ್ತು ದಿನದಲ್ಲಿ ಮುಗಿಸಿದ್ದು. ಮರದ ಸಾವಿರಾರು ತುಂಡುಗಳನ್ನು ಜೋಡಿಸಿದ ಮೂರ್ತಿಗಳು. ಗೈಡ್ ತಾವೇ ಬಾಯಿ ಅಗಲಿಸಿ ತೋರಿಸಿದರು: ಒಬ್ಬ ‘ಅ’ ಎನ್ನುತ್ತಾನೆ, ಇನ್ನೊಬ್ಬ ತುಟಿ ಬಿಗಿದು ‘ಹೂಂ’ ಎನ್ನುತ್ತಾನೆ. ಸಂಸ್ಕೃತದಿಂದ ಹೋದದ್ದು, ಆರಂಭ ಮತ್ತು ಅಂತ್ಯ. ಬಸ್ಸಿನಲ್ಲಿ ಹೋದ ಸಲ ಇವರಿಬ್ಬರು ಅಲ್ಲಿದ್ದಾರೆ ಎಂಬುದೇ ನನಗೆ ಗೊತ್ತಾಗಿರಲಿಲ್ಲ. ಗೈಡ್ ಬೇಕೆ ಎಂದು ಕೇಳಿದಿರಲ್ಲ, ಇದೇ ಉತ್ತರ.

ಮಹಾಬುದ್ಧನ ಮಂದಿರದ ಹೊರಗೆ, ಬಾಗಿಲ ಬಲಬದಿಗೆ, ಕೆಂಪು ಬಟ್ಟೆ ಹೊದ್ದ ಮರದ ಮುದುಕನೊಬ್ಬ ಕೂತಿದ್ದಾನೆ. ಬಿಂಜುರು ಅಂತ ಕರೆಯುತ್ತಾರೆ. ನಿಮಗೆ ಎಲ್ಲಿ ನೋವೋ ಅವನ ಅದೇ ಜಾಗವನ್ನು ಸವರಿ, ಆಮೇಲೆ ನಿಮ್ಮದನ್ನು ಸವರಿಕೊಳ್ಳುವುದು. ಗೈಡ್ ಅವನ ಪೂರ್ತಿ ಹೆಸರು ಹೇಳಿದಾಗ ಬೆಚ್ಚಿದೆ: ಪಿಂಡೋಲ ಭಾರದ್ವಾಜ. ನಮ್ಮ ಮನೆಯವರದ್ದು ಭಾರದ್ವಾಜ ಗೋತ್ರ! ಸಂಬಂಧಿಕರ ಮಂಡಿ ಎಂದು ಎರಡು ಸಲ ಹೆಚ್ಚಾಗಿಯೇ ಸವರಿದೆ. ನೋವು ಹಾಗೇ ಇದೆ, ಅದು ಬೇರೆ ಮಾತು.

ಇಷ್ಟಕ್ಕೆ ಮೂರು ಗಂಟೆ ಆಗುತ್ತದೆ. ಮೇಲಕ್ಕೆ ನಿಗತ್ಸು-ದೋ ಮಂದಿರವಿದೆ. ಮೆಟ್ಟಿಲುಗಳೇ ನಿಮಗೆ ಕಷ್ಟ, ಆದರೆ ಅದರ ಜಗಲಿಯಿಂದ ಊರೆಲ್ಲ ಕಾಣುತ್ತದೆ, ಟಿಕೆಟ್ಟೂ ಇಲ್ಲ. ಕಸುಗಾ ದೇಗುಲವನ್ನು ಬಿಡಿ ಅಂತ ಹೇಳುವಾಗ ನನಗೂ ಸಂಕಟ, ಅಲ್ಲಿ ಮೂರು ಸಾವಿರದಷ್ಟು ದೀಪಗಳಿವೆ. ಆದರೆ ಬಿಡಿ. ಮಂಡಿ ಒಪ್ಪಿದರೆ ನಿಗತ್ಸು-ದೋ, ಒಪ್ಪದಿದ್ದರೆ ಮಹಾಬುದ್ಧನಿಂದಲೇ ಕೆಳಗಿಳಿದು ಊರು ಸುತ್ತುವ ಬಸ್ಸಿನಲ್ಲಿ ನಿಲ್ದಾಣಕ್ಕೆ ವಾಪಸ್. ಒಟ್ಟು ನಡಿಗೆ ನಾಲ್ಕೈದು ಕಿಲೋಮೀಟರ್.

ಪ್ರಶ್ನೆ: ಮೇಡಂ, ನಾರಾದ ಮಹಾಬುದ್ಧನಿಗೆ ಕಣ್ಣು ಬರೆದದ್ದು ಭಾರತೀಯ ಎಂದು ವಾಟ್ಸ್ಆ್ಯಪಿನಲ್ಲಿ ಓದಿದೆ. ನಿಜವೋ, ಇದೂ ಒಂದು ಫಾರ್ವರ್ಡೋ?
— ಇತಿಹಾಸ ವಿದ್ಯಾರ್ಥಿ, ಧಾರವಾಡ

ಅನುಮಾನ ಪಟ್ಟದ್ದು ಒಳ್ಳೆಯದು, ಆದರೆ ಈ ಸಲ ಫಾರ್ವರ್ಡ್ ಗೆದ್ದಿದೆ. ಪೂರ್ತಿ ಅಲ್ಲ, ಮುಕ್ಕಾಲು.

710ರಿಂದ 784ರವರೆಗೆ ನಾರಾ ಜಪಾನಿನ ರಾಜಧಾನಿ. ಶೋಮು ಚಕ್ರವರ್ತಿಯ ಕಾಲದಲ್ಲಿ ಸಿಡುಬು, ಬರ, ದಂಗೆ ಒಂದರ ಮೇಲೊಂದು ಬಂದವು. ನಾಡು ನೆಮ್ಮದಿಯಾಗಿರಲೆಂದು ಆತ ವೈರೋಚನ ಬುದ್ಧನ ಬೃಹತ್ ಕಂಚಿನ ಮೂರ್ತಿಯ ಸಂಕಲ್ಪ ಮಾಡಿದ. ಅದಕ್ಕೆ ಊರೂರು ತಿರುಗಿ ಜನರಿಂದ ಕಾಣಿಕೆ ಎತ್ತಿದವನೇ ಗ್ಯೋಕಿ, ನಿಲ್ದಾಣದ ಕಾರಂಜಿಯವನು. ಸೇತುವೆ, ಕೆರೆಗಳನ್ನು ಕಟ್ಟಿಸಿ ಜನರ ನಡುವೆಯೇ ಇದ್ದ ಸನ್ಯಾಸಿ. ಮೊದಮೊದಲು ಸರ್ಕಾರ ಆತನ ಓಡಾಟಕ್ಕೆ ಅಡ್ಡಿ ಮಾಡಿತ್ತು, ಕೊನೆಗೆ ಅದೇ ಸರ್ಕಾರ ಆತನನ್ನು ಕರೆಯಬೇಕಾಯಿತು.

736ರಲ್ಲಿ ಚೀನಾದಿಂದ ಬಂದ ಹಡಗಿನಲ್ಲಿ ಬೋಧಿಸೇನ ಎಂಬ ಭಾರತೀಯ ಭಿಕ್ಷು ಇದ್ದ. ಇಂದಿನ ಒಸಾಕಾದ ಜಾಗದಲ್ಲಿದ್ದ ನಾನಿವಾ ಬಂದರಿನಲ್ಲಿ ಅವನನ್ನು ಎದುರುಗೊಂಡವನೂ ಗ್ಯೋಕಿಯೇ. 752ರಲ್ಲಿ ಮೂರ್ತಿಗೆ ಕಣ್ಣು ತೆರೆಸುವ ವಿಧಿ ನಡೆಯಿತು. ನಮ್ಮಲ್ಲಿ ಪ್ರತಿಷ್ಠೆಯಲ್ಲಿ ನೇತ್ರೋನ್ಮೀಲನ ಮಾಡುತ್ತಾರಲ್ಲ, ಅದೇ. ಆ ಹೊತ್ತಿಗೆ ಗ್ಯೋಕಿ ತೀರಿಕೊಂಡು ಮೂರು ವರ್ಷ. ಶೋಮುವೂ ಸಿಂಹಾಸನ ಬಿಟ್ಟುಕೊಟ್ಟಿದ್ದ. ಕುಂಚ ಹಿಡಿದು ಬುದ್ಧನ ಕಣ್ಣು ಬರೆದವನು ಬೋಧಿಸೇನ. ಕುಂಚಕ್ಕೆ ಉದ್ದನೆಯ ದಾರ ಕಟ್ಟಿದ್ದರು. ಕೆಳಗೆ ನೆರೆದವರು ಆ ದಾರ ಹಿಡಿದು ನಿಂತರು, ಕಣ್ಣು ಬರೆದ ಪುಣ್ಯ ಎಲ್ಲರಿಗೂ ಹಂಚಲಿ ಎಂದು. ಪಾಠ ಮಾಡಿದ ಅಷ್ಟೂ ವರ್ಷಗಳಲ್ಲಿ ಈ ದಾರದ ಸಂಗತಿ ನನಗೆ ಗೊತ್ತಿರಲಿಲ್ಲ. ಪಠ್ಯಪುಸ್ತಕದಲ್ಲಿ ‘ಬೌದ್ಧಧರ್ಮ ಜಪಾನಿಗೂ ಹರಡಿತು’ ಎಂಬ ಒಂದು ಸಾಲು ಓದಿಸಿ ಮುಂದೆ ಹೋಗುತ್ತಿದ್ದೆ.

ಇನ್ನು ಉಳಿದ ಕಾಲುಭಾಗ. ಈಗ ನೀವು ನೋಡುವ ಕಣ್ಣು ಬೋಧಿಸೇನ ಬರೆದದ್ದಲ್ಲ. 1180ರಲ್ಲಿ ಯುದ್ಧದ ಬೆಂಕಿಗೆ ಮಂದಿರ ಸುಟ್ಟು ಮೂರ್ತಿ ಕರಗಿತು. 1567ರಲ್ಲಿ ಮತ್ತೆ ಸುಟ್ಟಿತು. ಈಗಿನ ತಲೆ ಹದಿನೇಳನೇ ಶತಮಾನದ್ದು, ಈಗಿನ ಮಂದಿರ 1709ರದ್ದು. ಅಗಲ 57 ಮೀಟರ್, ಮೊದಲಿನದು 86 ಮೀಟರ್ ಇತ್ತಂತೆ. ಮೂರ್ತಿ ಸುಮಾರು 15 ಮೀಟರ್. ಹಳೆಯದನ್ನೇ ನೋಡಬೇಕೆಂದರೆ ತಲೆ ಎತ್ತಬೇಡಿ, ಬಗ್ಗಿ ಪೀಠದ ತಾವರೆ ಎಸಳುಗಳನ್ನು ನೋಡಿ. ಅವುಗಳಲ್ಲಿ ಕೆಲವು ಎಂಟನೇ ಶತಮಾನದವೇ. ಎಸಳಿನ ಮೇಲೆ ಕೊರೆದ ಸಣ್ಣ ಸಣ್ಣ ಬುದ್ಧರಿದ್ದಾರೆ.

ಆದರೆ ಕುಂಚ ಉಳಿದಿದೆ! ದಾರವೂ ಉಳಿದಿದೆ! ಶೋಸೋಇನ್ ಎಂಬ ಮರದ ಉಗ್ರಾಣದಲ್ಲಿ ಇವತ್ತಿಗೂ ಇವೆ. 1185ರಲ್ಲಿ ಮೂರ್ತಿಯನ್ನು ಮತ್ತೆ ಎರಕ ಹೊಯ್ದು ನಿಲ್ಲಿಸಿದಾಗ, ಗೊ-ಶಿರಕಾವಾ ಎಂಬ ನಿವೃತ್ತ ಚಕ್ರವರ್ತಿ ಉಗ್ರಾಣ ತೆರೆಸಿ, ಬೋಧಿಸೇನ ಹಿಡಿದಿದ್ದ ಅದೇ ಕುಂಚದಿಂದ ತಾನೇ ಕಣ್ಣು ಬರೆದ. ಉಗ್ರಾಣದೊಳಗೆ ನಮಗೆ ಪ್ರವೇಶವಿಲ್ಲ. ಪ್ರತಿವರ್ಷ ಅಕ್ಟೋಬರ್ ಕೊನೆಗೆ ಅಲ್ಲಿಯ ಕೆಲವು ವಸ್ತುಗಳನ್ನು ನಾರಾದ ರಾಷ್ಟ್ರೀಯ ಸಂಗ್ರಹಾಲಯದಲ್ಲಿ ಸುಮಾರು ಎರಡು ವಾರ ಇಡುತ್ತಾರೆ, ಆ ವರ್ಷ ಯಾವುದು ಬರುತ್ತದೋ ಅದು.

ಬೋಧಿಸೇನ ಊರಿಗೆ ಮರಳಲಿಲ್ಲ. 760ರಲ್ಲಿ ಅಲ್ಲೇ ತೀರಿಕೊಂಡ.

ಪ್ರಶ್ನೆ: ಜಿಂಕೆ ಕಚ್ಚುತ್ತದೆಯಂತೆ, ಹೌದೆ? ಸೀರೆ ಉಡಬಹುದೆ?
— ಓದುಗರು, ಮೈಸೂರು

ಕಚ್ಚುವುದಕ್ಕಿಂತ ಎಳೆಯುತ್ತದೆ. ಅಲ್ಲಿ ಸಾವಿರಕ್ಕೂ ಹೆಚ್ಚು ಜಿಂಕೆಗಳು ಬೇಲಿಯಿಲ್ಲದೆ ತಿರುಗುತ್ತವೆ. ಕಸುಗಾ ದೇವರು ಬಿಳಿ ಜಿಂಕೆ ಏರಿ ಬಂದನೆಂಬ ನಂಬಿಕೆ, ಹಾಗಾಗಿ ದೇವರ ದೂತರು. ಗಾಡಿಗಳಲ್ಲಿ ಅವಕ್ಕೆಂದೇ ತೌಡು, ಹಿಟ್ಟಿನ ಬಿಸ್ಕತ್ತು ಮಾರುತ್ತಾರೆ. ಅದನ್ನು ಬಿಟ್ಟು ಬೇರೇನೂ ಕೊಡಬಾರದು. ತಲೆ ಬಾಗಿಸಿದರೆ ಅದೂ ಬಾಗಿಸುತ್ತದೆ, ಕೊಡದೆ ಸತಾಯಿಸಿದರೆ ಗುಮ್ಮುತ್ತದೆ. ನಾನು ಬಿಸ್ಕತ್ತನ್ನು ಸೆರಗಿನೊಳಗೆ ಬಚ್ಚಿಟ್ಟುಕೊಂಡು ಜಾಣೆ ಅಂದುಕೊಂಡಿದ್ದೆ. ಒಂದು ಮುಂದಿನಿಂದ, ಎರಡು ಹಿಂದಿನಿಂದ ಬಂದವು. ಇಳಕಲ್ ಸೀರೆಯ ಸೆರಗು ಅರ್ಧ ಗೇಣು ಹರಿಯಿತು. ಚೂಡಿದಾರ ಹಾಕಿಕೊಳ್ಳಿ. ಮೇ, ಜೂನ್‌ನಲ್ಲಿ ಮರಿ ಹಾಕಿದ ತಾಯಿಯ ಹತ್ತಿರವೂ, ಶರತ್ಕಾಲದಲ್ಲಿ ಕೊಂಬಿನ ಗಂಡಿನ ಹತ್ತಿರವೂ ಹೋಗಬೇಡಿ. ಪ್ಲಾಸ್ಟಿಕ್ ಚೀಲ ಕೆಳಗೆ ಬಿದ್ದರೆ ತಿಂದುಬಿಡುತ್ತವೆ, ಸತ್ತದ್ದೂ ಇದೆ. ಕಸವನ್ನು ನಿಮ್ಮ ಚೀಲದಲ್ಲೇ ವಾಪಸ್ ತನ್ನಿ.

ಪ್ರಶ್ನೆ: ನಾವು ಮೊಟ್ಟೆಯನ್ನೂ ತಿನ್ನದವರು. ಮಧ್ಯಾಹ್ನದ ಊಟ?
— ಓದುಗರು, ಉಡುಪಿ

ತರಕಾರಿ ಕಂಡಲ್ಲಿ ಸಸ್ಯಾಹಾರ ಎಂದುಕೊಳ್ಳಬೇಡಿ. ಸಾರಿನ ತಳಕ್ಕೇ ಒಣಮೀನಿನ ಚಕ್ಕೆ ಹಾಕಿ ಕುದಿಸಿರುತ್ತಾರೆ, ‘ದಾಶಿ’ ಅಂದರೆ ಅದೇ. ಊದೊನ್ ನೂಡಲ್ಸೂ ಅದರಲ್ಲೇ ಮುಳುಗಿರುವುದು. ನಾರಾಜುಕೆ ಎಂಬ ಪ್ರಸಿದ್ಧ ಉಪ್ಪಿನಕಾಯಿಯನ್ನು ಅಕ್ಕಿಮದ್ಯದ ಚರಟದಲ್ಲಿ ಊರಿಸಿರುತ್ತಾರೆ. ನಮ್ಮ ಮನೆಯವರು ಎರಡು ಹೋಳು ಚಪ್ಪರಿಸಿದ ಮೇಲೆ ನನಗೆ ತಿಳಿಯಿತು, ಅವರಿಗೆ ನಾನು ಇನ್ನೂ ಹೇಳಿಲ್ಲ. ಚಾಗಾಯು ಸಿಕ್ಕರೆ ಬಿಡಬೇಡಿ. ಹುರಿದ ಚಹಾದಲ್ಲಿ ಬೇಯಿಸಿದ ಗಂಜಿ, ಜ್ವರ ಬಿಟ್ಟ ದಿನ ಅಮ್ಮ ಮಾಡುತ್ತಿದ್ದ ತೆಳು ಗಂಜಿಯ ಅಕ್ಕತಂಗಿ. ಯೊಮೊಗಿ ಮೋಚಿ ಎಂಬ ಹಸಿರು ಅಕ್ಕಿಉಂಡೆಯನ್ನು ಕಣ್ಣೆದುರೇ ಕುಟ್ಟಿ ಕೊಡುತ್ತಾರೆ, ಒಳಗೆ ಕೆಂಪು ಕಾಳಿನ ಹೂರಣ. ಆ ಹಸಿರು ನಮ್ಮ ಮಾಚಿಪತ್ರೆಯ ಜಾತಿಯ ಸೊಪ್ಪಿನದು. ಇಷ್ಟಾಗಿಯೂ ಚೀಲದಲ್ಲಿ ಎರಡು ಚಪಾತಿ, ಚಟ್ನಿಪುಡಿ ಇರಲಿ.

ಪ್ರಶ್ನೆ: ಅರ್ಧ ದಿನ ಇರುವುದಾದರೆ ಕ್ಯೋಟೊ ಮೇಲೋ ನಾರಾ ಮೇಲೋ?
— ಓದುಗರು, ಹುಬ್ಬಳ್ಳಿ

ನಾರಾ. ಕ್ಯೋಟೊದಲ್ಲಿ ಅರ್ಧ ದಿನ ಬಸ್ಸಿಗೆ ಕಾಯುವುದಕ್ಕೇ ಬೇಕು.

ಪ್ರಶ್ನೆ: ಉಚಿತ ಗೈಡ್ ಎಂದರೆ ಕೊನೆಗೆ ಕೈಗೆ ಏನಾದರೂ ಇಡಬೇಕಲ್ಲವೆ?
— ಓದುಗರು, ತುಮಕೂರು

ದುಡ್ಡು ಬೇಡ, ಅವರಿಗೆ ಮುಜುಗರ. ನಾನು ಮೈಸೂರು ಸ್ಯಾಂಡಲ್ ಸೋಪಿನ ಒಂದು ಪೆಟ್ಟಿಗೆ ಕೊಟ್ಟೆ. ಎರಡೂ ಕೈಯಲ್ಲಿ ತೆಗೆದುಕೊಂಡು ಮೂಸಿ, ಕಣ್ಣು ಮುಚ್ಚಿ, ‘ದೇವಸ್ಥಾನ’ ಅಂದರು.

ಪ್ರಶ್ನೆ: ನನಗೆ ಇಂಗ್ಲಿಷ್ ಅಷ್ಟಕ್ಕಷ್ಟೇ. ಸೊಸೆ ಜೊತೆಗಿರುತ್ತಾಳೆ, ಆದರೂ ಗೈಡ್ ಹೇಳುವುದು ನನಗೆ ತಲುಪೀತೆ?
— ಗೃಹಿಣಿ, ಶಿರಸಿ

ತಲುಪುತ್ತದೆ ಅಕ್ಕಾ. ಅವರ ಇಂಗ್ಲಿಷೂ ಅಷ್ಟಕ್ಕಷ್ಟೇ, ಹಾಗಾಗಿ ಕೈ, ಕಣ್ಣು, ಚಿತ್ರ ಎಲ್ಲ ಸೇರಿಸಿ ಮಾತಾಡುತ್ತಾರೆ. ನಿಗತ್ಸು-ದೋ ಜಗಲಿಯಲ್ಲಿ ಕೂತಾಗ ನಮ್ಮ ಗೈಡ್ ತಮ್ಮ ಅಕ್ಷರಮಾಲೆ ಹೇಳಿಕೊಟ್ಟರು. ಆ, ಇ, ಉ, ಎ, ಒ. ಆಮೇಲೆ ಕ, ಸ, ತ, ನ, ಹ, ಮ, ಯ, ರ, ವ. ನನಗೆ ನಗು ತಡೆಯಲಾಗಲಿಲ್ಲ, ಒಂದನೇ ಕ್ಲಾಸಿನ ಮಗ್ಗಿ ಪುಸ್ತಕವೇ! ಬೌದ್ಧ ಭಿಕ್ಷುಗಳು ಸಂಸ್ಕೃತ ಕಲಿತದ್ದರಿಂದ ಬಂದ ಅನುಕ್ರಮ ಅದು. ನಮ್ಮ ‘ಚ’ ಇರಬೇಕಾದಲ್ಲಿ ‘ಸ’ ಇದೆ, ‘ಪ’ ಇರಬೇಕಾದಲ್ಲಿ ‘ಹ’ ಕೂತಿದೆ. ಏಕೆಂದು ಕೇಳಿದೆ. ಹಿಂದೆ ಅದು ‘ಪ’ ಎಂದೇ ಇತ್ತು, ಕಾಲ ಕಳೆದಂತೆ ‘ಹ’ ಆಯಿತು ಎಂದರು.

ನಾನು ಅವರ ಕಡತದ ಖಾಲಿ ಹಾಳೆಯಲ್ಲಿ ಒಂದು ಹೂವಿನ ಚಿತ್ರ ಬರೆದು, ಕನ್ನಡದಲ್ಲಿ ‘ಹೂ’, ಹಳಗನ್ನಡದಲ್ಲಿ ‘ಪೂ’ ಎಂದು ಎರಡು ಸಲ ಹೇಳಿದೆ. ಅವರು ಪೆನ್ನು ತೆಗೆದುಕೊಂಡು ಅದೇ ಹೂವಿನ ಕೆಳಗೆ ತಮ್ಮ ಲಿಪಿಯಲ್ಲಿ ಬರೆದು ಓದಿದರು: ಈಗ ‘ಹನ’, ನಾರಾ ಕಾಲದಲ್ಲಿ ‘ಪನ’. ನಂಟೇನೂ ಇಲ್ಲ, ಎರಡು ಭಾಷೆಗಳು ಬೇರೆ ಬೇರೆಯಾಗಿಯೇ ಒಂದೇ ದಾರಿ ಹಿಡಿದಿವೆ ಅಷ್ಟೆ. ಇಬ್ಬರೂ ಸ್ವಲ್ಪ ಹೊತ್ತು ಪೂ, ಪನ, ಹೂ, ಹನ ಎನ್ನುತ್ತ ಕೂತಿದ್ದೆವು. ಮಗ ದೂರ ನಿಂತು ಗಡಿಯಾರ ನೋಡುತ್ತಿದ್ದ.