ಕಂಡವರಿಲ್ಲದ ಕೊಲೆ ಮತ್ತು ಆರೋಪಿಯ ಮೌನ

ಕೊಲೆಯನ್ನು ಕಣ್ಣಾರೆ ಕಂಡ ಒಬ್ಬ ಸಾಕ್ಷಿಯೂ ಇಲ್ಲದಿರುವಾಗ ಬರೀ ಸಾಂದರ್ಭಿಕ ಸಾಕ್ಷ್ಯ, ಅಂದರೆ ಕೃತ್ಯದ ಸುತ್ತಲಿನ ಸಂದರ್ಭಗಳಿಂದ ಊಹಿಸುವ ಸಾಕ್ಷ್ಯ, ನಂಬಿ ಶಿಕ್ಷೆ ಕೊಡಬಹುದೇ, ಆರೋಪಿ ಬಾಯಿ ಬಿಡದಿದ್ದರೆ ಅದನ್ನೇ ತಪ್ಪೊಪ್ಪಿಗೆ ಎನ್ನಬಹುದೇ ಎಂದು ಕೇಳಿದ್ದೀರಿ. ಶಿಕ್ಷೆ ಕೊಡಬಹುದು, ಮೌನವನ್ನು ಮಾತ್ರ ತಪ್ಪೊಪ್ಪಿಗೆ ಎನ್ನುವಂತಿಲ್ಲ.

ಇಂಥ ಮೊಕದ್ದಮೆಗಳಲ್ಲಿ ನಾವು ವಕೀಲರು ಮೊದಲು ತೆರೆಯುವುದು ಶರದ್ ಬಿರ್ಧಿಚಂದ್ ಸರ್ದಾ ಪ್ರಕರಣದ ತೀರ್ಪನ್ನು. 1982ರ ಜೂನ್‌ನಲ್ಲಿ ಪುಣೆಯಲ್ಲಿ, ಮದುವೆಯಾಗಿ ನಾಲ್ಕೇ ತಿಂಗಳಾಗಿದ್ದ ಯುವತಿಯೊಬ್ಬರು ಸಯನೈಡ್ ವಿಷದಿಂದ ಮೃತಪಟ್ಟರು. ಸೆಷನ್ಸ್ ನ್ಯಾಯಾಲಯ ಪತಿಗೆ ಮರಣದಂಡನೆ ವಿಧಿಸಿತು, ಬಾಂಬೆ ಹೈಕೋರ್ಟ್ ಅದನ್ನು ಎತ್ತಿಹಿಡಿಯಿತು. ಆದರೆ 1984ರಲ್ಲಿ ಸುಪ್ರೀಂ ಕೋರ್ಟ್, ಅದು ಆತ್ಮಹತ್ಯೆಯೂ ಆಗಿದ್ದಿರಬಹುದು ಎಂಬ ಸಂಶಯ ನಿವಾರಣೆಯಾಗದ ಕಾರಣ, ಅವರನ್ನು ಖುಲಾಸೆಗೊಳಿಸಿತು. ಪ್ರತಿಯೊಂದು ಸಂದರ್ಭವೂ ಪೂರ್ತಿ ರುಜುವಾತಾಗಬೇಕು, ಅವೆಲ್ಲ ಸೇರಿ ಆರೋಪಿಯ ಅಪರಾಧವನ್ನಲ್ಲದೆ ಬೇರೇನನ್ನೂ ಸೂಚಿಸಬಾರದು, ಈ ಸಂದರ್ಭಗಳ ಸರಪಳಿಯ ಒಂದು ಕೊಂಡಿಯೂ ಕಳಚಿರಬಾರದು ಎಂಬ ಮಾತುಗಳನ್ನು ಇಂದಿಗೂ ಎಲ್ಲ ನ್ಯಾಯಾಲಯಗಳೂ ಉದ್ಧರಿಸುತ್ತವೆ.

ಅದೇ ತೀರ್ಪಿನಲ್ಲಿ ಅಷ್ಟಾಗಿ ಯಾರೂ ಓದದ ಇನ್ನೊಂದು ಭಾಗವಿದೆ. ನನ್ನ ಮಟ್ಟಿಗೆ ನ್ಯಾಯಯುತ ವಿಚಾರಣೆಯ ಜೀವ ಇರುವುದು ಅಲ್ಲಿಯೇ. ಪ್ರಾಸಿಕ್ಯೂಷನ್, ಅಂದರೆ ಮೊಕದ್ದಮೆ ನಡೆಸುವ ಸರ್ಕಾರಿ ಪಕ್ಷ, ತನ್ನ ಸಾಕ್ಷ್ಯ ಮುಗಿಸಿದ ಮೇಲೆ ನ್ಯಾಯಾಧೀಶರು ಆರೋಪಿಯ ವಿರುದ್ಧ ಬಂದ ಒಂದೊಂದು ಸಂದರ್ಭವನ್ನೂ ಅವನಿಗೆ ತಿಳಿಸಿ, ಅದಕ್ಕೇನು ಹೇಳುತ್ತೀಯ ಎಂದು ಕೇಳಬೇಕು. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ ಕಲಂ 313 ಇದು. ಈಗಿನ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಕಲಂ 351. ಹಾಗೆ ಕೇಳದೆ ಬಿಟ್ಟ ಸಂದರ್ಭಗಳನ್ನು ಪೂರ್ತಿಯಾಗಿ ಕೈಬಿಡಬೇಕೆಂದು ಸರ್ದಾ ತೀರ್ಪು ಹೇಳಿತು. ಇಷ್ಟಾದರೂ ಹತ್ತಾರು ಸಾಕ್ಷಿಗಳ ಹೇಳಿಕೆಗಳನ್ನು ಒಂದೇ ಉದ್ದನೆಯ ಪ್ರಶ್ನೆಗೆ ತುರುಕಿ, 'ಸುಳ್ಳು' ಎಂಬ ಒಂದು ಪದದ ಉತ್ತರ ಬರೆದುಕೊಂಡು ಮುಗಿಸುವುದನ್ನು ನಾನು ಕಂಡಿದ್ದೇನೆ.

ಆರೋಪಿ ಸುಮ್ಮನಿದ್ದರೂ, ಸುಳ್ಳೇ ಹೇಳಿದರೂ, ಪ್ರಾಸಿಕ್ಯೂಷನ್ ಜೋಡಿಸದ ಕೊಂಡಿಯನ್ನು ಅದು ಜೋಡಿಸಿಕೊಡುವುದಿಲ್ಲ. ಸರಪಳಿ ಆಗಲೇ ಪೂರ್ಣವಾಗಿದ್ದರೆ ಮಾತ್ರ ಸುಳ್ಳು ಅದಕ್ಕೆ ಬಲ ಕೊಡಬಹುದು. ಮನೆಯೊಳಗೆ ನಡೆದ ಕೊಲೆಯಾದರೆ ಕಥೆ ಸ್ವಲ್ಪ ಬೇರೆ. ಆ ರಾತ್ರಿ ಗಂಡಹೆಂಡಿರಿಬ್ಬರೇ ಇದ್ದರು ಎಂದು ರುಜುವಾತಾದರೆ, ಅವನಿಗೆ ಮಾತ್ರ ತಿಳಿದಿರಬಹುದಾದ ಸಂಗತಿಯನ್ನು ಅವನೇ ವಿವರಿಸಬೇಕೆಂದು ಹಳೆಯ ಸಾಕ್ಷ್ಯ ಅಧಿನಿಯಮದ ಕಲಂ 106, ಈಗಿನ ಸಾಕ್ಷ್ಯ ಅಧಿನಿಯಮದ ಕಲಂ 109, ಹೇಳುತ್ತದೆ. ಆದರೆ ಇಬ್ಬರೇ ಇದ್ದರು ಎಂಬುದನ್ನು ಮೊದಲು ಸಾಬೀತು ಮಾಡಬೇಕಾದದ್ದು ಪ್ರಾಸಿಕ್ಯೂಷನ್ನೇ.