ಮರಳಿನ ಕೇಸಿನಲ್ಲಿ ಹಿಡಿದ ಟ್ರ್ಯಾಕ್ಟರ್ ಬಿಡಿಸಿಕೊಳ್ಳುವುದು ಹೇಗೆ

ಗೌಡರೇ, ಬಾದಾಮಿ ಕಡೆ ಮಲಪ್ರಭೆಯ ಮರಳು ತರುವಾಗ ನಿಮ್ಮ ಅಣ್ಣನವರ ಟ್ರ್ಯಾಕ್ಟರ್ ಹಿಡಿದಿದ್ದಾರೆ, ಕಬ್ಬಿನ ಹಂಗಾಮು ಹತ್ತಿರ ಬಂದಿದೆ, ದಂಡ ಕಟ್ಟಿದರೆ ಠಾಣೆಯಲ್ಲೇ ಬಿಡುತ್ತಾರೆಯೇ ಎಂದು ಕೇಳಿದ್ದೀರಿ. ಸಾಹೇಬರನ್ನು ಕಂಡರೆ ಮುಗಿಯಿತು ಎಂದು ಒಬ್ಬರು ಉತ್ತರಿಸಿಯೂ ಆಗಿದೆ. ಆ ಮಾತು ನಂಬಬೇಡಿ. ಎಫ್‌ಐಆರ್ ದಾಖಲಾಗಿ ಗಾಡಿ ಜಪ್ತಿಯಾದ ಮೇಲೆ ಅದನ್ನು ಬಿಡುವ ಅಧಿಕಾರ ನ್ಯಾಯಾಲಯದ್ದು. ವಕೀಲರ ಕಚೇರಿಯ ಗುಮಾಸ್ತನಾಗಿ ಇಂಥ ಅರ್ಜಿಗಳನ್ನು ಬರೆಯುವವನು ನಾನು, ಆದ್ದರಿಂದ ಸ್ವಲ್ಪ ಉದ್ದವಾಗಿಯೇ ಹೇಳುತ್ತೇನೆ.

ಮೊದಲು ಎಫ್‌ಐಆರ್ ಮತ್ತು ಜಪ್ತಿ ಪಂಚನಾಮೆಯ ಪ್ರತಿ ಪಡೆಯಿರಿ. ಹೆಚ್ಚಾಗಿ ಅದರಲ್ಲಿ ಕಳ್ಳತನಕ್ಕೆ ಭಾರತೀಯ ನ್ಯಾಯ ಸಂಹಿತೆಯ 303(2), ಪರವಾನಗಿ ಇಲ್ಲದ ಸಾಗಣೆಗೆ 1957ರ ಗಣಿ ಮತ್ತು ಖನಿಜ ಕಾಯ್ದೆಯ 4(1ಎ) ಮತ್ತು 21, ಜೊತೆಗೆ ಮರಳಿನಂಥ ಸಣ್ಣ ಖನಿಜಗಳಿಗಾಗಿ ಇರುವ ರಾಜ್ಯದ 1994ರ ಉಪಖನಿಜ ನಿಯಮಗಳು ಇರುತ್ತವೆ. ಗಣಿ ಕಾಯ್ದೆ ಸೇರಿದ್ದರೆ ಅದರ 30ಬಿ ಕಲಮಿನ ವಿಶೇಷ ನ್ಯಾಯಾಲಯದ ಮಾತು ಬರುತ್ತದೆ. ಹಾಗಾಗಿ ಎಫ್‌ಐಆರ್ ಯಾವ ನ್ಯಾಯಾಲಯಕ್ಕೆ ಹೋಗಿದೆ ಎಂದು ನೋಡಿಯೇ ಅರ್ಜಿ ಹಾಕಿಸಿ. ತಪ್ಪು ಬಾಗಿಲು ತಟ್ಟಿದರೆ ವಾರಗಳು ವ್ಯರ್ಥ.

ಅರ್ಜಿ ಹಾಕುವುದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಕ್ರಿಮಿನಲ್ ಕೇಸು ನಡೆಸುವ ವಿಧಾನದ ಕಾನೂನು) 497 ಅಥವಾ 503ನೇ ಕಲಮಿನ ಅಡಿ. ಹಳೆಯ ವಕೀಲರು ಈಗಲೂ ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯ ಸಂಖ್ಯೆಗಳಾದ 451, 457 ಎನ್ನುತ್ತಾರೆ. ಕೇಳುವುದು ಮಧ್ಯಂತರ ಸುಪರ್ದಿ ಮಾತ್ರ, ಅಂದರೆ ಕೇಸು ಮುಗಿಯುವವರೆಗೆ ಗಾಡಿಯನ್ನು ನಿಮ್ಮ ವಶಕ್ಕೆ ಕೊಡುವುದು. ಜಪ್ತಿಯಾದ ವಾಹನಗಳನ್ನು ಠಾಣೆಯಲ್ಲಿ ಬಹುಕಾಲ ಕೊಳೆಯಲು ಬಿಡಬಾರದು, ಫೋಟೊ ಮತ್ತು ಪಂಚನಾಮೆ ಮಾಡಿಸಿ, ತಕ್ಕ ಬಾಂಡ್ ಪಡೆದು ಬಿಡಬೇಕು ಎಂದು ಸುಪ್ರೀಂ ಕೋರ್ಟ್ 2002ರಲ್ಲಿ ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ ಹೇಳಿದೆ. ನಿಮ್ಮ ವಕೀಲರು ಇದನ್ನೇ ಮುಂದಿಡುತ್ತಾರೆ. ಠಾಣೆಯ ಅಂಗಳದಲ್ಲಿ ಬ್ಯಾಟರಿ ಸತ್ತು, ವೈರಿಂಗ್ ಇಲಿಗಳ ಪಾಲಾದ ಟ್ರ್ಯಾಕ್ಟರುಗಳನ್ನು ನೋಡಿದವರಿಗೆ ಆ ತೀರ್ಪಿನ ಬೆಲೆ ಗೊತ್ತು.

ನಮ್ಮ ಕಡೆ ಅರ್ಜಿ ಸಿಕ್ಕಿಹಾಕಿಕೊಳ್ಳುವುದು ಹೆಚ್ಚಾಗಿ ಟ್ರೇಲರಿನಲ್ಲಿ. ಇಂಜಿನ್‌ಗೆ ಒಂದು ನೋಂದಣಿ ಸಂಖ್ಯೆ, ಟ್ರೇಲರಿಗೆ ಇನ್ನೊಂದು. ಊರಿನ ವೆಲ್ಡಿಂಗ್ ಅಂಗಡಿಯಲ್ಲಿ ಮಾಡಿಸಿದ ಟ್ರೇಲರಿಗೆ ಆರ್‌ಸಿಯೇ ಇರುವುದಿಲ್ಲ, ಆಗ ಅದು ನಿಮ್ಮದೆಂದು ತೋರಿಸುವುದು ಕಷ್ಟ. ಎರಡಕ್ಕೂ ದಾಖಲೆ ಇದ್ದರೆ ಎರಡನ್ನೂ ಅರ್ಜಿಯಲ್ಲಿ ಸ್ಪಷ್ಟವಾಗಿ ಬರೆಸಿ. ಅರ್ಜಿದಾರರು ಆರ್‌ಸಿಯಲ್ಲಿ ಹೆಸರಿರುವ ನಿಮ್ಮ ಅಣ್ಣನವರೇ ಆಗಿರಬೇಕು. ಗಾಡಿ ಓಡಿಸಿದವನೂ ಅಲ್ಲ, ನೀವೂ ಅಲ್ಲ. ವಿಮೆಯ ಪತ್ರ ಜೊತೆಗಿರಲಿ. ಬ್ಯಾಂಕಿನ ಸಾಲವಿದ್ದರೆ ಕಂತು ನಿಲ್ಲಿಸಬೇಡಿ, ಬಾಕಿ ಬಿದ್ದರೆ ಗಾಡಿ ಕೇಳಲು ಬ್ಯಾಂಕೂ ಬರಬಹುದು. ‘ನನಗೆ ಗೊತ್ತೇ ಇರಲಿಲ್ಲ’ ಎಂದು ಪ್ರಮಾಣಪತ್ರದಲ್ಲಿ ಬರೆಸುವ ಚಾಳಿ ಇದೆ. ಗೊತ್ತಿದ್ದರೆ ಹಾಗೆ ಬರೆಸಬೇಡಿ, ವಿಚಾರಣೆಯಲ್ಲಿ ಅದೇ ತಿರುಗಿ ಬೀಳುತ್ತದೆ.

ಇನ್ನು ದಂಡದ ವಿಷಯ. ಗಣಿ ಕಾಯ್ದೆಯ 23ಎ ಪ್ರಕಾರ ಅಧಿಕೃತ ಅಧಿಕಾರಿಯ ಮುಂದೆ ಹಣ ಕಟ್ಟಿ ರಾಜಿ ಮಾಡಿಕೊಳ್ಳಬಹುದು. ಅದರಿಂದ ಮುಗಿಯುವುದು ಆ ಕಾಯ್ದೆಯ ಭಾಗ ಮಾತ್ರ. ಕಳ್ಳತನದ ಆರೋಪ ಅದರಿಂದ ತಾನಾಗಿ ಹೋಗುವುದಿಲ್ಲ ಎಂದು 2020ರ ಜಯಂತ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದ್ದರಿಂದ ವಕೀಲರನ್ನು ಕೇಳದೆ ಹಣ ಕಟ್ಟಬೇಡಿ, ಕಟ್ಟಿದರೆ ರಸೀದಿ ಬಿಡಬೇಡಿ.

ಆದೇಶವಾದ ದಿನವೇ ಗಾಡಿ ಮನೆಗೆ ಬರುತ್ತದೆ ಎಂದುಕೊಳ್ಳಬೇಡಿ. ನ್ಯಾಯಾಲಯ ಹೇಳಿದ ಮೊತ್ತಕ್ಕೆ ಬಾಂಡ್ ಬರೆದುಕೊಡಬೇಕು, ಜಾಮೀನುದಾರರು ಹೊಲದ ಉತಾರ ಮತ್ತು ಆಧಾರ್ ತರಬೇಕು. ಮಾರಬಾರದು, ರೂಪ ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು, ಮತ್ತೆ ಇಂಥ ಕೆಲಸಕ್ಕೆ ಬಳಸಬಾರದು ಎಂಬ ಷರತ್ತುಗಳು ಸಾಮಾನ್ಯ. ಎರಡನೇ ಸಲ ಸಿಕ್ಕರೆ ಬಾಂಡಿನ ಹಣಕ್ಕೂ ಕುತ್ತು. ಗಣಿ ಕಾಯ್ದೆಯ 21(4ಎ) ಅಡಿ ಗಾಡಿಯನ್ನೇ ಶಾಶ್ವತವಾಗಿ ಮುಟ್ಟುಗೋಲು ಹಾಕಿಕೊಳ್ಳುವ ಅಧಿಕಾರವೂ ನ್ಯಾಯಾಲಯಕ್ಕಿದೆ, ಈಗ ಬಿಟ್ಟ ಮಾತ್ರಕ್ಕೆ ಆ ಭಯ ಹೋಗುವುದಿಲ್ಲ.

ಅರ್ಜಿ ವಜಾ ಆದರೆ ನಿಮ್ಮವರು ಹೋಗಬೇಕಾದದ್ದು ಹೈಕೋರ್ಟಿನ ಧಾರವಾಡ ಪೀಠಕ್ಕೆ. ವಿಜಯಪುರ ಜಿಲ್ಲೆಯವರು ಇದನ್ನು ಓದುತ್ತಿದ್ದರೆ, ನಿಮಗೆ ಕಲಬುರಗಿ. ತುಂಬಿದ್ದ ಮರಳಿನ ಆಸೆ ಬಿಡಿ, ಅದು ವಾಪಸ್ ಬರುವುದಿಲ್ಲ. ಎಫ್‌ಐಆರಿನ ಕಲಮುಗಳನ್ನು ಇಲ್ಲಿ ಬರೆಯಿರಿ, ಆದರೆ ಹೆಸರು, ಗಾಡಿ ಸಂಖ್ಯೆ ಹಾಕಬೇಡಿ.